ಮಣಿಯ ಮುಖ ಯಾವ ಕಡೆ

೧೧ ಆಗಸ್ಟ್ ೧೯೭೪, ರವಿವಾರ. ನಾಲತವಾಡ

ಇವತ್ತೂ ಜನ ಬಂದಿದ್ದರು. ಬಾಗಿಲೊಳಗೆ ಕಾಲಿಡುವ ಮೊದಲೇ ಸೆರಗು ಬಾಯಿಗೆ ಒತ್ತಿಕೊಂಡು ಅಳು ಶುರು. ಮೂರನೆಯ ಗುಂಪು ಬರುವ ಹೊತ್ತಿಗೆ ನನಗೆ ತಡೆಯಲಾಗಲಿಲ್ಲ. "ಯಾರು ಸತ್ತಾರಂತ ಅಳಾಕತ್ತೀರಿ? ಹೆಣ ನೋಡೀರೇನು?" ಅಂದುಬಿಟ್ಟೆ. ಪಕ್ಕದ ಮನೆಯ ಗುರವ್ವ ತೆರೆದ ಬಾಯಿ ಹಾಗೇ ಮುಚ್ಚಿಕೊಂಡಳು. ಒಳ್ಳೆಯ ಹೆಂಗಸು, ನಾಲ್ಕು ದಿನದಿಂದ ನಮಗೆ ರೊಟ್ಟಿ ಬಡಿದು ಕೊಡುತ್ತಿದ್ದಾಳೆ. ಅವಳ ಮೇಲೆ ಹರಿಹಾಯಬಾರದಿತ್ತು. ಆದರೆ ನಾನು ಕೇಳಿದ್ದರಲ್ಲಿ ತಪ್ಪೇನೂ ಇಲ್ಲ.

ಆಗಿದ್ದು ಇಷ್ಟು. ಮಂಗಳವಾರ ಸಂಜೆ ತಂಗಡಗಿಯ ಹತ್ತಿರ ಹೊಳೆಯಲ್ಲಿ ಹರಿಗೋಲು ಮಗುಚಿದೆ. ಆಚೆ ದಂಡೆಯ ಹಳ್ಳಿಗಳಲ್ಲಿ ದನಗಳಿಗೆ ಗಂಟಲು ಬಾಯುವ ಗಳಲೆ ರೋಗ ಬಿದ್ದು, ಸೂಜಿ ಮಾಡಲು ನಮ್ಮ ಮನೆಯವರನ್ನೂ ಕರೆಸಿದ್ದರು. ಅಂದು ಮರಳಿ ಬರುವವರಿದ್ದರು. ಹರಿಗೋಲಿನಲ್ಲಿದ್ದ ಕೆಲವರು ಈಜಿ ದಂಡೆ ಸೇರಿದರು. ಉಳಿದವರ ಹೆಣ ಮರುದಿನ ಕೆಳಗಿನ ಊರುಗಳಲ್ಲಿ ಸಿಕ್ಕವು. ಇವರು ಸಿಕ್ಕಿಲ್ಲ. ಹರಿಗೋಲು ಹತ್ತಿದ್ದನ್ನು ಕಣ್ಣಾರೆ ಕಂಡೆ ಅಂತ ಒಬ್ಬ ಹೇಳುತ್ತಾನೆ. ಇಲ್ಲ, ದಂಡೆಯ ಮೇಲೇ ನಿಂತಿದ್ದರು ಅಂತ ಇನ್ನೊಬ್ಬ. ಇವರಿಗೆ ಈಜು ಚೆನ್ನಾಗಿ ಬರುತ್ತದೆ. ಆಚೆ ಕಡೆ ರಸ್ತೆಯೆಲ್ಲ ನೀರು ನಿಂತಿದೆಯಂತೆ. ಬರುವುದು ತಡವಾಗುತ್ತದೆ, ಅಷ್ಟೇ.

ಈ ಡೈರಿ ಔಷಧ ಮಾರುವವರು ಇವರಿಗೆ ಕೊಟ್ಟಿದ್ದು. ದನದ ದವಾಖಾನೆಯ ಕಂಪೌಂಡರಿಗೆ ಡೈರಿ ಯಾತಕ್ಕೆ ಅಂತ ನಕ್ಕು ಗೋಡೆಯ ಮಾಡದೊಳಗೆ ಎಸೆದಿದ್ದರು. ಈ ಮನೆಯಲ್ಲಿ ಯಾರ ಹತ್ತಿರ ಬಾಯಿ ತೆರೆದರೂ ಅಳುತ್ತಾರೆ. ಅದಕ್ಕೇ ಇದರಲ್ಲಿ ಬರೆಯುತ್ತಿದ್ದೇನೆ. ಅತ್ತೆ ಮೂಲೆಯಲ್ಲಿ ಕುಳಿತು ಮಗನ ಕಂಬಳಿಯ ಅಂಚಿನ ಎಳೆ ಎಣಿಸುತ್ತಿದ್ದಾರೆ.

೧೯ ಆಗಸ್ಟ್, ಸೋಮವಾರ

ಸಾಲಿಗೆ ಹೋದೆ. ಹೆಡ್ಮಾಸ್ತರರು ಇನ್ನಷ್ಟು ರಜೆ ತೆಗೆದುಕೊಳ್ಳಿ ಅಂದರು. ಯಾಕ್ರಿ, ನನಗೇನಾಗೈತಿ ಅಂದೆ.

ಹತ್ತನೆಯ ವರ್ಗಕ್ಕೆ ಬೆನ್ನೆಲುಬಿನ ಪಾಠ ಅರ್ಧಕ್ಕೆ ನಿಂತಿತ್ತು. ಪೆಟ್ಟಿಗೆ ತೆಗೆದುಕೊಂಡು ಹೋದೆ. ಇವರು ಬಡಿಗನ ಕಡೆಯಿಂದ ಖಾನೆ ಖಾನೆ ಮಾಡಿಸಿ ಕೊಟ್ಟ ಪೆಟ್ಟಿಗೆ. ಒಂದೊಂದು ಖಾನೆಯಲ್ಲಿ ಒಂದೊಂದು ಪ್ರಾಣಿಯ ಬೆನ್ನುಮಣಿ. ಪ್ರತಿ ಮಣಿಗೂ ಎರಡು ಮುಖ, ತಲೆಯ ಕಡೆಯದು ಮುಂದು, ಬಾಲದ ಕಡೆಯದು ಹಿಂದು. ಮೀನಿನ ಮಣಿ ಎರಡೂ ಕಡೆ ತಗ್ಗು. ಉಡದ ಮಣಿಗೆ ಮುಂದೆ ತಗ್ಗು, ಹಿಂದೆ ಉಬ್ಬು. ಎತ್ತಿನ ಕುತ್ತಿಗೆಯ ಮಣಿ ಅದರ ಉಲ್ಟಾ, ಉಬ್ಬು ಮುಂದೆ, ತಗ್ಗು ಹಿಂದೆ. ಕೋಳಿಯ ಕುತ್ತಿಗೆಯದು ಕುದುರೆಯ ಬೆನ್ನ ಮೇಲಿನ ತಡಿ ಇದ್ದ ಹಾಗೆ. ಮನುಷ್ಯರದು ಎರಡೂ ಕಡೆ ಸಪಾಟು. ಪುಸ್ತಕದಲ್ಲಿ ಇವಕ್ಕೆ ಅಗ್ರಗರ್ತಿ, ಪಶ್ಚಗರ್ತಿ, ಉಭಯಗರ್ತಿ ಅಂತ ಹೆಸರಿವೆ. ಮಕ್ಕಳು ಅದನ್ನು ಮಂತ್ರದ ಹಾಗೆ ಒದರಿ ಮರೆಯುತ್ತವೆ. ನಾನು ಮುಂಗುಳಿ, ಹಿಂಗುಳಿ, ಇಬ್ಬದಿಗುಳಿ ಅಂತ ಹೇಳಿಕೊಡುತ್ತೇನೆ. ತಪಾಸಣೆಗೆ ಬಂದ ಸಾಹೇಬರು ಪುಸ್ತಕದಲ್ಲಿದ್ದದ್ದನ್ನೇ ಹೇಳಿ ಅಂದಿದ್ದರು. ಹೂಂ ಅಂದೆ, ಹೇಳಲಿಲ್ಲ.

ಕಲ್ಲಾಗಿ ಸಿಕ್ಕ ಹಳೆಯ ಕಡಲ ಪ್ರಾಣಿಯ ಮಣಿಯ ಚಿತ್ರವನ್ನೂ ತೋರಿಸಿದೆ. ಮೈ ಹೋಗಿದೆ, ತೊಗಲು ಹೋಗಿದೆ, ಅಂಥ ಪ್ರಾಣಿಯೇ ಈಗ ಭೂಮಿಯ ಮೇಲಿಲ್ಲ. ಆದರೂ ಒಂದು ಮಣಿ ಸಿಕ್ಕರೆ ಇದು ಯಾರದು ಅಂತ ಹೇಳಬಹುದು ಅಂದೆ. ಮಕ್ಕಳೆಲ್ಲ ತಲೆ ತಗ್ಗಿಸಿ ಪುಸ್ತಕವನ್ನೇ ನೋಡಿದವು. ಪಾಪ, ಅವಕ್ಕೂ ಮನೆಯಲ್ಲಿ ಯಾರೋ ಏನೋ ಹೇಳಿ ಕಳಿಸಿರಬೇಕು.

ಪೆಟ್ಟಿಗೆಯ ಒಂದೊಂದು ಮಣಿಯ ಮುಂದಿನ ಮುಖಕ್ಕೆ ಕೆಂಪು ಚುಕ್ಕೆ ಇದೆ. ಸೂಜಿಯಾದ ದನದ ಕೊಂಬಿಗೆ ಹಚ್ಚುವ ಬಣ್ಣ ಅದು, ಡಬ್ಬಿ ಯಾವಾಗಲೂ ಇವರ ಚೀಲದಲ್ಲೇ ಇರುತ್ತದೆ. ಕುಂಚ ಮುಟ್ಟುವುದಿಲ್ಲ, ಹೆಬ್ಬೆರಳನ್ನೇ ಅದ್ದಿ ಒತ್ತುವುದು. ಎಲುಬು ಎಲ್ಲೇ ಸಿಗಲಿ, ಅಲ್ಲೇ ಒತ್ತಿ, ಕೋಟಿನ ಕಿಸೆಯಲ್ಲಿ ಇಟ್ಟುಕೊಂಡು ಬಂದು ನನ್ನ ಮುಂದೆ ಹಿಡಿಯಬೇಕು. ಉಡದ ಮಣಿ ತಂದ ದಿನ ಚುಕ್ಕೆ ಉಬ್ಬಿನ ಮೇಲೆ ಇತ್ತು.

"ಇದು ಹಿಂದಿನ ಮುಖರೀ. ಉಬ್ಬು ತಗ್ಗು ನೋಡಿ ಹೇಳಬಾರದು. ಮಣಿ ಮ್ಯಾಲಿನ ಈ ನಾಕು ಸಣ್ಣ ಕೊಂಬು ನೋಡ್ರಿ. ಮುಂದಿನ ಜೋಡಿ ಆಕಾಶ ನೋಡತಾವು, ಹಿಂದಿನ ಜೋಡಿ ನೆಲ ನೋಡತಾವು."

"ನಂದು ದನದ ಲೆಕ್ಕ, ಬಾಯಾರ. ಉಬ್ಬಿದ್ದದ್ದು ಮುಂದ." ಸಾಲಿಯ ಮಕ್ಕಳ ಹಾಗೆ ಇವರೂ ನನ್ನನ್ನು ಬಾಯಾರ ಅಂತಲೇ ಕರೆಯುವುದು.

"ಉಡ ಎತ್ತಲ್ಲ."

"ಉಡಕ್ಕೂ ಸೂಜಿ ಮಾಡಂದ್ರ ಮಾಡ್ತೇನಿ. ನನಗ ಎಲ್ಲಾ ಎತ್ತ."

ಚಿಮಣಿ ಎಣ್ಣೆ ಹಚ್ಚಿ ಅಳಿಸಿ, ಸರಿಯಾದ ಕಡೆ ನಾನೇ ಚುಕ್ಕೆ ಇಟ್ಟೆ. ಪ್ರತಿ ಸಲವೂ ಇದೇ ಜಗಳ. ಇವರಿಗೆ ತಲೆಗೆ ಹೋಗುವುದೇ ಇಲ್ಲ.

ಒಂದು ಖಾನೆ ಇನ್ನೂ ಖಾಲಿ, ಮೊಸಳೆಯದು. ಚೀಟಿ ಮಾತ್ರ ಅಂಟಿಸಿದ್ದೇನೆ. "ಖಾಲೀನ ಇರ್ಲಿ ಬಿಡ್ರಿ ಬಾಯಾರ, ತನಗ ಬೇಕಾದಾಗ ಮೊಸಳೀನ ಬಂದು ಮಲಗತೈತಿ" ಅನ್ನುತ್ತಾರೆ ಇವರು.

೩ ಸೆಪ್ಟೆಂಬರ್, ಮಂಗಳವಾರ

ಅತ್ತೆ ಬರೀ ನೆಲದ ಮೇಲೆ ಮಲಗುತ್ತಿದ್ದಾರೆ. ಇವರ ಮನೆತನದ ಪದ್ಧತಿಯಂತೆ. ಸತ್ತವರು ಮಣ್ಣಾಗುವ ತನಕ ಹೆತ್ತವಳು ಕಂಬಳಿ ಹಾಸಬಾರದು, ಹೊದೆಯಬಾರದು. ಕುರಿ ಕಾಯುವ ಮನೆತನದಲ್ಲಿ ಕಂಬಳಿ ಬಿಡುವುದು ಅಂದರೆ ಅನ್ನ ಬಿಟ್ಟ ಹಾಗೆ.

"ಸತ್ತವರು ಅಂತ ಯಾಕ ಅಂತೀರಿ ಅತ್ತಿ?" ಅಂದೆ.

"ಅಂದಿಲ್ಲವಾ. ನನಗ ಸೆಕಿ ಆಗತೈತಿ, ಅದಕ್ಕ ಹಾಸಿಲ್ಲ" ಅಂದರು. ಹೊರಗೆ ಜಿಟಿಜಿಟಿ ಮಳೆ ಹಿಡಿದಿತ್ತು.

೧೩ ನವೆಂಬರ್, ಬುಧವಾರ

ದೀಪಾವಳಿ. ಹಣತೆ ಹಚ್ಚಲಿಲ್ಲ. ಗುರವ್ವ ಕೇಳದೇ ತನ್ನ ಮನೆಯ ಒಂದು ಹಣತೆ ತಂದು ನಮ್ಮ ಹೊಸ್ತಿಲಿಗೆ ಇಟ್ಟು ಹೋದಳು. ಆರಿಸಲು ಎದ್ದೆ, ಆರಿಸಲಿಲ್ಲ.

೮ ಡಿಸೆಂಬರ್, ರವಿವಾರ

ತಂಗಡಗಿಯಿಂದ ಮಾನಪ್ಪ ಬಂದಿದ್ದ. ಹರಿಗೋಲು ಹಾಕುವವ, ಇವರನ್ನು ಎಷ್ಟೋ ಸಲ ದಾಟಿಸಿದವ. ಅಂಗಳದಲ್ಲಿ ಚಪ್ಪಲಿ ಬಿಟ್ಟು ನಿಂತ. ತಲೆ ಎತ್ತಲಿಲ್ಲ. ಬಗಲಲ್ಲಿ ಒಂದು ಗಂಟಿತ್ತು.

"ಹೊಳಿ ಇಳದೈತ್ರಿ. ಮಳಲ ದಿಬ್ಬದಾಗ ಕೋಟು ಅರ್ಧ ಹೂತಿತ್ತು. ಅದರೊಳಗ ಇದೊಂದ ಉಳದೈತ್ರಿ ತಾಯಿ. ಕೈಯಾರ ತಗದೇನಿ. ನಮ್ಮ ಮಂದಿ ಎಲ್ಲಾರೂ ಭಂಡಾರ ಕುಂಕುಮ ಹಚ್ಚಿ, ಕೈ ಮುಗದು ಕಳಿಸ್ಯಾರ."

ಖಾಕಿ ಕೋಟು. ಒಂದು ತೋಳು ಇಲ್ಲ, ಎರಡನೆಯ ಗುಂಡಿ ಕಪ್ಪು. ಖಾಕಿ ಕೋಟು ದವಾಖಾನೆಯವರೆಲ್ಲ ಹಾಕುತ್ತಾರೆ. ಗುಂಡಿ ಕಳೆದರೆ ಮನೆಯಲ್ಲಿ ಯಾವುದಿದೆಯೋ ಅದನ್ನೇ ಹೊಲಿಯುತ್ತಾರೆ. ಊರಲ್ಲಿ ಕಪ್ಪು ಗುಂಡಿಗೆ ಬರವೇ?

ಇನ್ನೊಂದು, ಬಟ್ಟೆಯಲ್ಲಿ ಸುತ್ತಿದ ಒಂದು ಬೆನ್ನುಮಣಿ. ಭಂಡಾರದ ಅರಿಶಿನ, ಕುಂಕುಮ ಮೆತ್ತಿ ಹಳದಿ ಕೆಂಪಾಗಿತ್ತು. ಮೇಲಿನ ಮುಳ್ಳು ಮುರಿದಿದೆ. ಕೈಯಲ್ಲಿ ಹಿಡಿದ ತಕ್ಷಣ ಗೊತ್ತಾಯಿತು. ಒಂದು ಕಡೆ ಬೆರಳು ಇಳಿಯುವಷ್ಟು ತಗ್ಗು, ಇನ್ನೊಂದು ಕಡೆ ಗುಂಡಗೆ ಉಬ್ಬು. ಉಳಿದ ತುಂಡು ಕೊಂಬುಗಳನ್ನು ಸವರಿದೆ. ಆಕಾಶ ನೋಡುವವು ತಗ್ಗಿನ ಕಡೆಗಿದ್ದವು. ತಗ್ಗೇ ಮುಂದು. ಮುಂಗುಳಿ. ಈ ಗಾತ್ರದ್ದು ಈ ಹೊಳೆಯಲ್ಲಿ ಇನ್ಯಾರದು?

"ಅತ್ತಿ, ಇದು ಮೊಸಳೀದು!" ಅಂದೆ. ನನ್ನ ದನಿ ನನಗೇ ಹಬ್ಬದ ದನಿಯ ಹಾಗೆ ಕೇಳಿಸಿತು. "ಮನಷ್ಯಾರದಲ್ಲ. ಅವರದಲ್ಲ!"

ಅತ್ತೆ ನನ್ನ ಕೈಯಿಂದ ಅದನ್ನು ಕಸಿದುಕೊಂಡು ಎದೆಗೆ ಅವಚಿಕೊಂಡರು. ಮಾನಪ್ಪ ನನ್ನ ಮುಖ ನೋಡಿದ. ಅವನಿಗೆ ನನ್ನ ಮೇಲೆ ಸಿಟ್ಟಿರಲಿಲ್ಲ, ಹೆದರಿಕೆಯಿತ್ತು. ಒಂದು ಗುಟುಕು ಚಹಾ ಕೂಡ ಕುಡಿಯದೇ ಹೋದ.

ಮಣಿ ಈಗ ದೇವರ ಜಗಲಿಯ ಮೇಲಿದೆ.

೧೦ ಡಿಸೆಂಬರ್, ಮಂಗಳವಾರ

ಮನಗೂಳಿಯಿಂದ ಭಾವ ಬಂದರು, ಇವರ ಅಣ್ಣ ಕಾಳಪ್ಪ. ತಲೆಯ ರುಮಾಲು ಬಿಚ್ಚಿ ಮೊಣಕಾಲ ಮೇಲೆ ಇಟ್ಟುಕೊಂಡು ಕುಳಿತರು.

"ಎಳ್ಳ ಅಮಾಸಿ ಬಂತು. ಹೊಲಕ್ಕ ಬುತ್ತಿ ಒಯ್ದು, ನಿಂತ ಬೆಳಿಗಿ ಎಡಿ ತೋರಿಸಿ ಚರಗ ಚೆಲ್ಲಬೇಕು. ಮಣ್ಣಾಗದ ಹೆಣ ಜಗಲಿ ಮ್ಯಾಲ ಇಟಗೊಂಡು ಹೆಂಗ ಚೆಲ್ಲೂದು? ಅಮಾಸಿ ಒಳಗ ನಮ್ಮ ಹೊಲದಾಗ ಮಣ್ಣು ಮಾಡಿಬಿಡೋಣವಾ."

"ಅದು ಹೆಣ ಅಲ್ರಿ ಭಾವ. ಮನಷ್ಯಾರ ಮಣಿ ಎರಡೂ ಕಡಿ ಸಪಾಟ ಇರತೈತ್ರಿ." ಪೆಟ್ಟಿಗೆಯ ಮಣಿಗಳ ಚಿತ್ರ ಬರೆದು ತೋರಿಸಿದೆ, ಉಡದ ಮಣಿ, ಎತ್ತಿನ ಮಣಿ. ಪಾಪ, ಎಲ್ಲವನ್ನೂ ನೋಡಿದರು. ಕುರಿ ಕೊಯ್ಯುವ ಕೈ, ಎಲುಬು ಅವರಿಗೆ ಹೊಸದಲ್ಲ.

"ಮೊಸಳೀದು ಅಂತೀ. ಇರವಲ್ದ್ಯಾಕ. ನೀ ಇಷ್ಟು ಶಾಣ್ಯಾಕಿ ಅದೀ. ಹಂಗಾರ ನನ್ನ ತಮ್ಮ ಎಲ್ಲಿ ಅದಾನ, ಅದನ್ನರ ಹೇಳು."

ನೆನಪು ತಪ್ಪಿ ಎಲ್ಲೋ ತಿರುಗುತ್ತಿರಬಹುದು, ಇಂಥದ್ದು ಆಗುತ್ತದೆ, ಓದಿದ್ದೇನೆ ಅಂದೆ. ಸೊಲ್ಲಾಪುರದ ಕಡೆ, ಮೀರಜದ ಕಡೆ ದವಾಖಾನೆಗಳಿವೆ ಅಂದೆ. ಭಾವ ರುಮಾಲು ಸುತ್ತಿಕೊಂಡರು. ಬಾಗಿಲಲ್ಲಿ ನಿಂತು, "ನೀ ಬಳಿ ಒಡಕೋ ಅಂತ ಯಾರೂ ಅನ್ನೂದಿಲ್ಲವಾ. ಆದ್ರ ನಮ್ಮವ್ವ ಈ ಚಳಿಗಾಲ ದಾಟೂದಿಲ್ಲ. ನೆಲ ಥಣ್ಣಗೈತಿ" ಅಂದರು.

ಎಲ್ಲರೂ ಕೂಡಿ ನನ್ನನ್ನು ಕೊಲೆಗಾತಿ ಮಾಡುತ್ತಿದ್ದಾರೆ. ಸುಳ್ಳನ್ನು ಹೂಳಬೇಡಿ ಅಂದದ್ದೇ ನನ್ನ ತಪ್ಪು. ಒಂದು ಮೊಸಳೆಯನ್ನು ಗಂಡ ಅಂತ ಮಣ್ಣು ಮಾಡಿ, ನಾಳೆ ಇವರು ಬಂದು ನಿಂತರೆ ಏನು ಹೇಳಲಿ?

೧೭ ಡಿಸೆಂಬರ್, ಮಂಗಳವಾರ

ಎಂಟನೆಯ ವರ್ಗಕ್ಕೆ ಪೆಟ್ಟಿಗೆ ಒಯ್ದಿದ್ದೆ. ಮುಂದಿನ ಸಾಲಿನ ದುರ್ಗವ್ವ ಕೈ ಎತ್ತಿದಳು.

"ಬಾಯಾರ, ಮೊಸಳೀದು ನಿಮ್ಮ ಮನಿಗೆ ಬಂದೈತಂತಲ್ರಿ. ಅದನ್ನ ಈ ಖಾನೇದಾಗ ಯಾಕ ಇಟ್ಟಿಲ್ರಿ?"

ಅವಳ ಕಣ್ಣಲ್ಲಿ ಕೆಟ್ಟತನ ಇರಲಿಲ್ಲ, ಖಾನೆ ಖಾಲಿಯಿದ್ದದ್ದಷ್ಟೇ ಅವಳಿಗೆ ಕಂಡಿತ್ತು. ನಿಜವಲ್ಲವೇ? ಮೊಸಳೆಯದು ಅಂತ ಊರಿಗೆಲ್ಲ ಸಾರಿದವಳು ನಾನು. ಮೊಸಳೆಯದಾದರೆ ಅದು ದೇವರ ಜಗಲಿಯ ಮೇಲೆ ಯಾಕಿದೆ? ತರುತ್ತೇನೆ ಅಂದೆ.

ಮನೆಗೆ ಬಂದು ಅತ್ತೆಯನ್ನು ಕೇಳಿದೆ. ಜಗಲಿಗೆ ಅಡ್ಡ ಕುಳಿತರು. ದಿನವೂ ಭಂಡಾರ ಕುಂಕುಮ ಹಚ್ಚಿ ಹಚ್ಚಿ ಮಣಿಯ ಆಕಾರವೇ ಕಾಣುತ್ತಿಲ್ಲ.

"ಸಾಲಿಗಿ ಒಯ್ಯಬೇಕ್ರಿ ಅತ್ತಿ."

"ನನಗ ಮೊಸಳಿ ಗೊತ್ತಿಲ್ಲ, ಮಣಿ ಗೊತ್ತಿಲ್ಲ. ನನಗ ಮಗಾ ಬೇಕು. ಮಗಾ ಇಲ್ಲಂದ್ರ ಅವಗ ಮಣ್ಣು ಬೇಕು. ಎರಡ್ರಾಗ ಒಂದು ಕೊಡು, ಆಮ್ಯಾಲ ಒಯ್ಯಿ."

ಹೇಳುತ್ತ ಹೇಳುತ್ತ ಕೆಮ್ಮು ಹತ್ತಿತು. ಬೆನ್ನು ನೀವಲು ಕೈ ಚಾಚಿದೆ, ತಳ್ಳಿದರು.

೨೬ ಡಿಸೆಂಬರ್, ಗುರುವಾರ

ಅತ್ತೆಗೆ ಮೈ ಕೆಂಡದ ಹಾಗೆ ಸುಡುತ್ತಿದೆ. ಡಾಕ್ಟರು ಎದೆಯಲ್ಲಿ ಕಫ ಕಟ್ಟಿದೆ, ಬೆಚ್ಚಗೆ ಇಡಿ ಅಂದರು. ಹಾಸಿಗೆ ಹಾಸಿ, ನನ್ನ ಎರಡು ಸೀರೆ ಹೊದಿಸಿದೆ. ಚಳಿ ನಿಲ್ಲಲಿಲ್ಲ. ಕಡೆಗೆ ಇವರ ಕಂಬಳಿ ತೆಗೆದು ಹೊದಿಸಿದೆ. ಅಷ್ಟು ಜ್ವರದಲ್ಲೂ ಅತ್ತೆಗೆ ಗೊತ್ತಾಯಿತು. ಕಾಲಿನಿಂದ ಒದ್ದು ಸರಿಸಿದರು. ಮತ್ತೆ ಹೊದಿಸಿದೆ, ಮತ್ತೆ ಒದ್ದರು. ಆಮೇಲೆ ನಾನೇ ಕಂಬಳಿ ಮಡಿಚಿ ಇಟ್ಟೆ.

ಒರಟು ಕಂಬಳಿ. ಮದುವೆಯಾದ ಹೊಸತರಲ್ಲಿ ಚುಚ್ಚುತ್ತದೆ ಅಂತ ನಾನು ಬೇಡ ಅಂದಿದ್ದೆ. ಇವರಿಗೆ ಇದೇ ಬೇಕಿತ್ತು, ಬೇಸಿಗೆಯಲ್ಲೂ ಇದನ್ನೇ ಕಾಲಿಗೆ ಎಳೆದುಕೊಳ್ಳುತ್ತಿದ್ದರು.

ಮಧ್ಯಾಹ್ನ ಅತ್ತೆ ಕಣ್ಣು ತೆರೆದು ಜಗಲಿಯ ಕಡೆ ಕೈ ಮಾಡಿದರು. "ಒಯ್ಯಿ ಅದನ್ನ. ನಿನ್ನ ಪೆಟಿಗ್ಯಾಗ ಇಟ್ಟಗೋ. ನನಗ ಜಗಳಾಡಾಕ ಶಕ್ತಿ ಇಲ್ಲವಾ." ಅಷ್ಟು ಹೇಳಿ ಗೋಡೆಯ ಕಡೆ ಹೊರಳಿದರು.

ಗೆದ್ದೆ.

೨೯ ಡಿಸೆಂಬರ್, ರವಿವಾರ

ಮಣಿ ನನ್ನ ಚೀಲದಲ್ಲಿದೆ. ಎರಡು ದಿನ ಸಾಲಿಗೆ ಒಯ್ದು ಹಾಗೇ ತಂದೆ. ಇವತ್ತು ಸಾಲಿಗೆ ಬೀಗ.

೨ ಜನೆವರಿ ೧೯೭೫, ಗುರುವಾರ

ಊಟದ ಬಿಡುವಿನಲ್ಲಿ ಸಾಲಿಯ ಹಿಂದಿನ ಬಾವಿಯ ಕಟ್ಟೆಗೆ ಹೋದೆ. ಒಂದು ಬಕೆಟ್ ಸೇದಿದೆ. ಖಾನೆಗೆ ಹಾಕುವುದಾದರೆ ತೊಳೆದು ಹಾಕಬೇಕು, ಉಳಿದ ಮಣಿಗಳ ಹಾಗೆ ಮುಂದಿನ ಮುಖಕ್ಕೆ ಚುಕ್ಕೆ ಇಡಬೇಕು, ಇದೇ ಲೆಕ್ಕದಲ್ಲಿದ್ದೆ.

ಮೊದಲು ಹಳದಿ ನೀರು ಹೋಯಿತು, ಆಮೇಲೆ ಕೆಂಪು ನೀರು. ತಗ್ಗಿನೊಳಗೆ ಮಳಲು ಗಟ್ಟಿಯಾಗಿ ಕೂತಿತ್ತು. ತಲೆಯ ಪಿನ್ನು ತೆಗೆದು ಕೆದರಿದೆ. ತಗ್ಗು ಚೊಕ್ಕವಾಗಿ ಕಂಡಿತು. ತಿರುವಿ ಉಬ್ಬನ್ನು ತಿಕ್ಕಿದೆ. ಅಲ್ಲಿಯ ಕುಂಕುಮ ಹೋಗಲೊಲ್ಲದು. ಸಾಬೂನು ಹಚ್ಚಿ ತಿಕ್ಕಿದೆ. ಸುತ್ತಲಿನದೆಲ್ಲ ಹೋಯಿತು, ನಡುವಿನದು ಹೋಗಲಿಲ್ಲ. ಉಗುರು ಹಾಕಿದೆ. ಉಗುರಿಗೆ ಬಣ್ಣದ ಚಕ್ಕೆ ಬಂತು.

ಕುಂಕುಮ ಅಲ್ಲ. ದನದ ಕೊಂಬಿನ ಬಣ್ಣ.

ಒಂದು ಅಂಚು ಸವೆದಿದೆ, ಉಳಿದದ್ದು ಗುಂಡಗೆ ಹಾಗೇ ಇದೆ, ಹೆಬ್ಬೆರಳಿನ ಅಗಲ. ನನ್ನ ಹೆಬ್ಬೆರಳು ಇಟ್ಟು ನೋಡಿದೆ. ಸುತ್ತಲೂ ಕೆಂಪು ಉಳಿಯಿತು, ನನ್ನದು ಚಿಕ್ಕದು.

ಆಚೆ ದಂಡೆಯಲ್ಲಿ ಯಾರ ಹತ್ತಿರ ಬೇಡಿ ಪಡೆದರೋ. ಅಲ್ಲೇ ನಿಂತು ಡಬ್ಬಿ ತೆಗೆದು ಹೆಬ್ಬೆರಳು ಒತ್ತಿದ್ದಾರೆ. ಕೋಟಿನ ಕಿಸೆಯಲ್ಲಿ ಹಾಕಿಕೊಂಡಿದ್ದಾರೆ. ಕೋಟಿನೊಳಗಿತ್ತು ಅಂತ ಮಾನಪ್ಪ ಅಂದೇ ಹೇಳಿದ್ದ. ನಾನು ಅವನ ಮಾತು ಎಲ್ಲಿ ಕೇಳಿಸಿಕೊಂಡೆ, ಮುಂಗುಳಿ ಮುಂಗುಳಿ ಅಂತ ಕುಣಿಯುತ್ತಿದ್ದೆ. ಆಮೇಲೆ ಹರಿಗೋಲು ಹತ್ತಿದ್ದಾರೆ. ನನಗೆ ತೋರಿಸಬೇಕು ಅಂತ ಹತ್ತಿದ್ದಾರೆ.

ಅದೂ ಉಬ್ಬಿನ ಮೇಲೆ. ಮತ್ತೆ ಉಬ್ಬಿನ ಮೇಲೇ ಇಟ್ಟಿದ್ದಾರೆ. ಎತ್ತಿನ ಲೆಕ್ಕ.

"ತಪ್ಪು ಹಾಕೀರಿ" ಅಂದೆ, ಜೋರಾಗಿಯೇ. ಎದ್ದು ಒಳಗೆ ಹೋಗಿ ಅಲಮಾರಿಯಿಂದ ಚಿಮಣಿ ಎಣ್ಣೆಯ ಬಾಟಲಿ, ಹತ್ತಿ ತಂದೆ. ಹತ್ತಿಗೆ ಎಣ್ಣೆ ಹಾಕಿದೆ. ಕೈ ಅಷ್ಟಕ್ಕೆ ನಿಂತಿತು. ಇದನ್ನು ಅಳಿಸಿದರೆ ಮತ್ತೆ ತಪ್ಪು ಹಾಕುವವರು ಯಾರಿದ್ದಾರೆ? ಅವರು ಹೋದರು. ಆಗಸ್ಟಿನಲ್ಲೇ ಹೋದರು, ನಾನು ಇವತ್ತು ಬಾವಿಯ ಕಟ್ಟೆಯ ಮೇಲೆ ಕುಳಿತು ಅತ್ತುಬಿಟ್ಟೆ. ಬಿಡುವಿನ ಗಂಟೆ ಮುಗಿದು, ಮುಂದಿನ ಪಾಠದ ಗಂಟೆಯೂ ಆಯಿತು. ಯಾರೂ ಕರೆಯಲು ಬರಲಿಲ್ಲ. ಕಿಟಕಿಯಿಂದ ಕಂಡಿರಬೇಕು.

೪ ಜನೆವರಿ, ಶನಿವಾರ

ಅತ್ತೆಗೆ ಜ್ವರ ಇಳಿದಿದೆ. ಎಬ್ಬಿಸಿ ಗೋಡೆಗೆ ಒರಗಿಸಿ ಗಂಜಿ ಕುಡಿಸಿದೆ. ಮಣಿಯನ್ನು ಅವರ ಕೈಯಲ್ಲಿ ಇಟ್ಟೆ.

"ಅತ್ತಿ, ಇದು ಮೊಸಳೀದೇ. ಅದರಾಗ ನನ್ನ ಮಾತು ಬದಲಿಲ್ಲ. ಆದ್ರ ಇದನ್ನ ಅವರು ನನಗಂತ ತರಾಕತ್ತಿದ್ರು. ಈ ಚುಕ್ಕಿ ನೋಡ್ರಿ, ಇದು ಅವರ ಹೆಬ್ಬಟ್ಟು."

ಅತ್ತೆ ಬಹಳ ಹೊತ್ತು ಚುಕ್ಕೆಯನ್ನು ಸವರಿದರು. ಕೊಂಬಿನ ಬಣ್ಣ ಅವರಿಗೂ ಗೊತ್ತು. ಈ ಮನೆಯ ಕದ, ಬಕೆಟ್ಟು, ನನ್ನ ರೇಶಿಮೆ ಸೀರೆಯ ಅಂಚು, ಎಲ್ಲದರ ಮೇಲೂ ಅದರ ಕಲೆ ಇದೆ.

"ನಿನಗಂತನ ತಂದಾನವಾ" ಅಂದರು ಕಡೆಗೆ. "ಹಂಗಾರ ನೀ ಇಟ್ಟಗೋ. ನಾ ಕೇಳೂದಿಲ್ಲ."

"ಬ್ಯಾಡ್ರಿ ಅತ್ತಿ. ಅವರ ಕೈ ಮುಟ್ಟಿದ್ದು ಇದೊಂದ ಮನಿಗೆ ಬಂದೈತಿ. ಅವರಿಗಿ ಮಣ್ಣು ಕೊಡೋಣು."

ಅತ್ತೆ ನನ್ನ ತಲೆಯನ್ನು ಎಳೆದು ತೊಡೆಯ ಮೇಲೆ ಇಟ್ಟುಕೊಂಡರು. ಮದುವೆಯಾಗಿ ಬಂದಾಗಿನಿಂದ ಹೀಗೆ ಮಾಡಿರಲಿಲ್ಲ. ನನಗೂ ಅವರಿಗೂ ಅಷ್ಟಕ್ಕಷ್ಟೇ ಇತ್ತು.

ಭಾವನಿಗೆ ಹೇಳಿ ಕಳಿಸಿದೆ.

೧೦ ಜನೆವರಿ, ಶುಕ್ರವಾರ. ಮನಗೂಳಿ

ಅತ್ತೆ ಕಂಬಳಿ ಹಾಸಿ, ಇನ್ನರ್ಧ ಹೊದ್ದು ಮಲಗಿದ್ದಾರೆ. ಕೆಮ್ಮು ಇದೆ, ಆದರೆ ನಿದ್ದೆ ಹತ್ತಿದೆ. ಸಂಜೆ ಹೊಲದಿಂದ ಬಂದ ಕೂಡಲೇ ಭಾವ ಅದನ್ನು ತಾವೇ ಅವ್ವನ ಹೆಗಲಿಗೆ ಹಾಕಿದರು.

ಬೆಳಿಗ್ಗೆ ಹೊರಡುವ ಮೊದಲು ಬಳೆ ನಾನೇ ತೆಗೆದೆ. ಗುರವ್ವ ಸಾಬೂನು ಹಚ್ಚಿ, ಒಂದೂ ಒಡೆಯದ ಹಾಗೆ ಜಾರಿಸಿ ಕೊಟ್ಟಳು. ಅವಳು ಅತ್ತಳು. ಈ ಸಲ ನಾನು ಬೈಯಲಿಲ್ಲ. ಬಸ್ಸಿನಲ್ಲಿ ಇಡೀ ದಾರಿ ಕೈ ಹಗುರ ಅನಿಸಿತು, ಆ ಹಗುರ ಬೇಡವಾಗಿತ್ತು.

ಹೊಲದ ಬದುವಿನ ಬನ್ನಿ ಗಿಡದ ಕೆಳಗೆ ಭಾವ ತಗ್ಗು ತೋಡಿಸಿದ್ದರು. ಜೋಳ ಆಳೆತ್ತರ ನಿಂತು ತೆನೆ ಕಟ್ಟಿದೆ. ಮನೆತನದ ನಾಲ್ಕು ಮಂದಿ ಇದ್ದರು, ಮಾನಪ್ಪನೂ ತಂಗಡಗಿಯಿಂದ ಬಂದಿದ್ದ. ಅವನಿಗೆ ಕೈ ಮುಗಿದೆ. ಗಾಬರಿಯಾಗಿ ಹಿಂದೆ ಸರಿದ. "ಅವತ್ತ ನಾ ಅಂದದ್ದು ಮನಸಿನ್ಯಾಗ ಇಟಗೋಬ್ಯಾಡಪ್ಪಾ" ಅಂದೆ. "ಏನಂದ್ರಿ ತಾಯಿ, ನನಗ ನೆಪ್ಪಿಲ್ಲ" ಅಂದ. ನೆನಪಿದ್ದದ್ದು ಅವನ ಮುಖದಲ್ಲೇ ಕಾಣುತ್ತಿತ್ತು.

ಮೊದಲು ಕೋಟು ಹಾಸಿದರು. ಕಪ್ಪು ಗುಂಡಿ ಮೇಲೆ ಬಂತು. ನಾನು ಹೊಲಿದದ್ದು ಅದು, ಅವಸರದಲ್ಲಿ, ಬೈಯುತ್ತ. ಅದರ ಮೇಲೆ ಮಣಿ ಇಡಲು ಹಿರಿಯರು ಗುರಲಿಂಗಪ್ಪಜ್ಜ ತಗ್ಗಿನೊಳಗೆ ಇಳಿದರು. ಕಣ್ಣು ಅಷ್ಟಾಗಿ ಕಾಣುವುದಿಲ್ಲ, ಮಣಿಯನ್ನು ಎರಡೂ ಕೈಯಲ್ಲಿ ಹಿಡಿದು ಹಿಂದೆ ಮುಂದೆ ತಿರುವಿದರು. ನಮ್ಮಲ್ಲಿ ಮುಖ ಮೂಡಣಕ್ಕೆ ಮಾಡಿ ಇಡಬೇಕು.

"ಇದರ ಮುಖ ಯಾವ ಕಡಿ ಬರತೈತಿ?" ಅಂತ ಭಾವನನ್ನು ಕೇಳಿದರು. ಭಾವ ನನ್ನ ಕಡೆ ನೋಡಿದರು. ಉಳಿದವರೂ ನನ್ನನ್ನೇ ನೋಡಿದರು. ಇದನ್ನು ಹೇಳಬಲ್ಲವಳು ಅಲ್ಲಿ ನಾನೊಬ್ಬಳೇ. ಮಣಿಯ ಆಕಾಶ ನೋಡುವ ಕೊಂಬು ಅದರ ತಗ್ಗು ಮುಖದ ಕಡೆಗಿದ್ದವು.

"ಚುಕ್ಕಿ ಐತಲ್ರಿ ಅಜ್ಜ, ಆ ಕಡಿ" ಅಂದೆ. "ಉಬ್ಬಿದ್ದದ್ದು ಮುಂದ."

ಅಜ್ಜ ಚುಕ್ಕೆಯನ್ನು ಮೂಡಣಕ್ಕೆ ಮಾಡಿ ಇಟ್ಟರು. ನಾನು ಮೊದಲನೆಯ ಹಿಡಿ ಮಣ್ಣು ಹಾಕಿದೆ.